ಲಲಿತಾಂಬ ಗೊತ್ತು, ಮಂಜುಭಾಷಿಣಿ?

ನಮ್ಮ ವೇಮಗಲ್ ಕಡೆಯ ಯಾವ ಮನೆಯಲ್ಲಾದರೂ ‘ಸಮಾಜ ಸೇವಕಿ’ ಅಂದು ನೋಡಿ, ನಲವತ್ತು ದಾಟಿದವರ ಬಾಯಿಂದ ಥಟ್ಟನೆ ‘ಲಲಿತಾಂಬ’ ಅಂತ ಬರುತ್ತದೆ. ಆ ಪಾತ್ರ ಮಾಡಿದವರ ಹೆಸರು ಕೇಳಿದರೆ ಮಾತ್ರ ತಡಕಾಡುತ್ತಾರೆ. ಆಕೆ ಮಂಜುಭಾಷಿಣಿ.

ಲಲಿತಾಂಬ ಇದ್ದದ್ದು 2000ರ ದಶಕದಲ್ಲಿ ಈಟಿವಿ ಕನ್ನಡದಲ್ಲಿ ಬಂದ ‘ಸಿಲ್ಲಿ ಲಲ್ಲಿ’ ಧಾರಾವಾಹಿಯಲ್ಲಿ. ಅಲ್ಲಿ ನಗಿಸುವವರಿಗೆ ಬರವಿರಲಿಲ್ಲ. ರವಿಶಂಕರ್ ಗೌಡರ ಡಾಕ್ಟರ್ ವಿಠಲ್‌ರಾವ್ ಒಬ್ಬರೇ ಸಾಕಿತ್ತು. ಅವರೆದುರು ನಿಂತು ಮಂಕಾಗದೆ ಇದ್ದದ್ದೇ ಮಂಜುಭಾಷಿಣಿಯವರ ಗಟ್ಟಿತನ. ಅವರು ಜೋಕು ಹೇಳುತ್ತಿದ್ದೇನೆ ಎಂಬಂತೆ ಮಾತಾಡಲೇ ಇಲ್ಲ. ಲಲಿತಾಂಬಳಿಗೆ ತನ್ನ ಸೇವೆಯ ಬಗ್ಗೆ ಎಳ್ಳಷ್ಟೂ ಅನುಮಾನವಿಲ್ಲ. ಆ ಬಿಗುಮಾನ, ಆ ಭಾಷಣದ ಧಾಟಿಯೇ ನಗು ತರುತ್ತಿತ್ತು. ಸ್ತ್ರೀಶಕ್ತಿ ಸಂಘಗಳು ಊರೂರಲ್ಲಿ ಹುಟ್ಟುತ್ತಿದ್ದ ಕಾಲ ಅದು. ವೇದಿಕೆ, ಹಾರ, ಮೈಕು ಕಂಡರೆ ಬಿಡದವರು ನಮ್ಮ ಸೀಮೆಯಲ್ಲೂ ಇದ್ದರು. ಹಾಗಾಗಿ ಪಾತ್ರ ಗುರುತಿನದೇ ಅನ್ನಿಸಿತು.

2021ರ ಕೊನೆಗೆ ಶುರುವಾದ ಜೀ ಕನ್ನಡದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಲ್ಲಿ ಅದೇ ಗತ್ತನ್ನು ಅವರು ಬೇರೆ ಕೆಲಸಕ್ಕೆ ಹಚ್ಚಿದರು. ಬಡ್ಡಿ ಬಂಗಾರಮ್ಮನಾಗಿ ಉಮಾಶ್ರೀಯವರ ಪುಟ್ಟಕ್ಕನ ಎದುರು ನಿಂತಾಗ, ಹಿಂದೆ ನಗಿಸಿದ್ದ ಗಟ್ಟಿ ದನಿ ಹೆದರಿಸುವಂತಾಯಿತು. ಮಗ ಕಂಠಿಯ ಮುಂದೆ ಅದೇ ದನಿ ಮೆತ್ತಗಾಗುತ್ತಿತ್ತು.

ನಾಯಕಿಯರ ಹೆಸರು ಪೋಸ್ಟರಿನಲ್ಲಿ ಬರುತ್ತದೆ. ಪೋಷಕ ನಟಿಯರ ಪಾತ್ರವಷ್ಟೇ ಮನೆಮಾತಾಗುತ್ತದೆ. ಇನ್ನು ಮೇಲೆ ಲಲಿತಾಂಬಳನ್ನು ನೆನೆದು ನಕ್ಕಾಗ, ಮಂಜುಭಾಷಿಣಿ ಎಂಬ ಹೆಸರನ್ನೂ ಜೊತೆಗೆ ಹೇಳಿ.