ಉದ್ಯಾನನಗರವೆಂಬ ಮಾತು: ಹೊವರ್ಡನ ಗ್ರಂಥದ ಒಂದು ಪುನರ್ವಿಮರ್ಶೆ

ಹೆಸರಿನಿಂದ ಪ್ರಸಿದ್ಧವಾದ ಗ್ರಂಥವು ಓದಿನಿಂದ ದೂರವಾಗುವುದು ವಿದ್ವತ್ಪ್ರಪಂಚದಲ್ಲಿ ಅಪೂರ್ವವೇನೂ ಅಲ್ಲ. ಎಬನೀಜರ್ ಹೊವರ್ಡನ 'ನಾಳೆಯ ಉದ್ಯಾನನಗರಗಳು' ಎಂಬ ಕೃತಿಗೆ ಇದೇ ಗತಿ ಒದಗಿದೆ. 1898ರಲ್ಲಿ ಬೇರೊಂದು ಹೆಸರಿನಿಂದ ಪ್ರಕಟವಾಗಿ 1902ರಲ್ಲಿ ಈ ಹೆಸರನ್ನು ಪಡೆದ ಈ ಚಿಕ್ಕ ಪುಸ್ತಕವನ್ನು ನಾವು ಸಾಮಾನ್ಯವಾಗಿ ಸ್ಮರಿಸುವುದು ಹೂದೋಟ, ಸಾಲುಮರ, ಅಗಲವಾದ ಬೀದಿಗಳ ಸಂಬಂಧದಲ್ಲಿ. ಬೆಳೆಯುತ್ತಿರುವ ನಗರವು ತನ್ನ ಆಹಾರವನ್ನು ಎಲ್ಲಿಂದ ಪಡೆಯಬೇಕು, ತನ್ನ ಕಸವನ್ನು ಎಲ್ಲಿಗೆ ಹಿಂದಿರುಗಿಸಬೇಕು ಎಂಬ ಪ್ರಶ್ನೆಗೆ ಒಂದು ಉತ್ತರವೆಂದು ಅದನ್ನು ಓದುವವರು ಕಡಿಮೆ. ಈ ಎರಡನೆಯ ಓದೇ ಗ್ರಂಥಕ್ಕೆ ನ್ಯಾಯವಾದುದೆಂಬುದು ನಮ್ಮ ಅಭಿಪ್ರಾಯ. ಹಾಗೆ ಓದಿದಾಗ ಗ್ರಂಥದ ಬಲವೂ ದೌರ್ಬಲ್ಯವೂ ಒಂದೇ ಸ್ಥಳದಲ್ಲಿ, ಎಂದರೆ ನೆಲದ ಒಡೆತನದ ವಿಚಾರದಲ್ಲಿ, ಕಂಡುಬರುತ್ತವೆ. ಬೆಂಗಳೂರನ್ನು ನಿದರ್ಶನವಾಗಿಟ್ಟುಕೊಂಡು ಇದನ್ನು ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಮೊದಲು ಗ್ರಂಥದ ಮಾತು. ಹೊವರ್ಡನು ಕಲ್ಪಿಸಿದ ನಗರದ ಒಟ್ಟು ನೆಲ 6,000 ಎಕರೆ. ಅದರಲ್ಲಿ ಮನೆ, ಬೀದಿ, ಕಾರ್ಖಾನೆಗಳಿಗೆ ಮೀಸಲಾದುದು ಕೇವಲ 1,000 ಎಕರೆ. ಉಳಿದ 5,000 ಎಕರೆ ಹೊಲ, ತೋಟ, ಹುಲ್ಲುಗಾವಲುಗಳಿಗೆ ಸೇರಿದುದು. ನಗರದಲ್ಲಿ 30,000 ಜನ, ಸುತ್ತಲಿನ ಕೃಷಿಭೂಮಿಯಲ್ಲಿ 2,000 ಜನ. ಆರರಲ್ಲಿ ಐದು ಪಾಲು ನೆಲವು ಬೇಸಾಯಕ್ಕೆ ಸೇರಿದ್ದ ಮೇಲೆ, ಉದ್ಯಾನವೆಂಬ ಮಾತನ್ನು ಕೇವಲ ಅಲಂಕಾರಾರ್ಥದಲ್ಲಿ ತೆಗೆದುಕೊಳ್ಳುವುದು ಹೇಗೆ ಸರಿಯಾದೀತು? ಬೆಳೆಗಾರನಿಗೆ ಹತ್ತಿರದ ಮಾರುಕಟ್ಟೆ ದೊರೆತು ಸಾಗಾಣಿಕೆಯ ವೆಚ್ಚ ಉಳಿಯುತ್ತದೆ. ನಗರದ ಕಲ್ಮಷವು ಗೊಬ್ಬರವಾಗಿ ಹೊಲಕ್ಕೆ ಹಿಂದಿರುಗುತ್ತದೆ. ಹಾಗೆಂದು ನಗರಕ್ಕೇ ಮಾರಬೇಕೆಂಬ ಕಟ್ಟಳೆಯಿಲ್ಲ. ತನಗೆ ಬೇಕಾದವರಿಗೆ ಮಾರುವ ಸ್ವಾತಂತ್ರ್ಯ ಬೆಳೆಗಾರನಿಗೆ ಉಂಟು. ಇಡೀ ನೆಲವು ಸಮುದಾಯದ ಪರವಾಗಿ ಧರ್ಮದರ್ಶಿಗಳ ವಶದಲ್ಲಿರುತ್ತದೆ. ನಗರ ಬೆಳೆದಂತೆ ಏರುವ ನೆಲದ ಬೆಲೆಯ ಲಾಭ ಯಾವ ಒಬ್ಬ ಒಡೆಯನಿಗೂ ಹೋಗದೆ ಊರಿನ ಬೊಕ್ಕಸಕ್ಕೇ ಸೇರುತ್ತದೆ. ಈ ಕೊನೆಯ ಅಂಶವನ್ನು ತೆಗೆದುಹಾಕಿದರೆ ಉಳಿದ ಅಂಶಗಳು ನಿಲ್ಲಲಾರವು.

ಇದರ ಮಹತ್ತ್ವವು ಜರ್ಮನಿಯ ಫೋನ್ ಥ್ಯೂನೆನ್ನನ ವಾದದೊಡನೆ ಹೋಲಿಸಿದಾಗ ಸ್ಪಷ್ಟವಾಗುತ್ತದೆ. ಸ್ವತಃ ಕೃಷಿಕನಾಗಿದ್ದ ಈತನು 1826ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ, ಬಯಲಿನ ನಡುವಣ ಒಂಟಿ ನಗರವೊಂದರ ಸುತ್ತ ಬೇಸಾಯವು ವರ್ತುಲಗಳಾಗಿ ಹರಡಿಕೊಳ್ಳುವುದನ್ನು ತೋರಿಸಿದನು. ಬೇಗ ಕೆಡುವ ತರಕಾರಿಯೂ ಹಾಲೂ ಮೊದಲ ವರ್ತುಲಕ್ಕೆ ಸೇರಿದುವು. ಅಲ್ಲಿಯ ಬೆಳೆಗಾರನು ನಗರದಿಂದಲೇ ಗೊಬ್ಬರವನ್ನು ಕೊಳ್ಳುತ್ತಾನೆ. ತರ್ಕ ನಿರ್ದುಷ್ಟವಾಗಿದೆ. ಆದರೆ ಥ್ಯೂನೆನ್ನನ ಲೋಕದಲ್ಲಿ ನೆಲಕ್ಕೆ ಬೆಲೆ ಕಟ್ಟುವವರೆಲ್ಲರೂ ಬೇಸಾಯಗಾರರೇ; ನಿವೇಶನಕ್ಕಾಗಿ ಕೊಳ್ಳುವವನು ಅಲ್ಲಿ ಕಾಲಿಡುವುದಿಲ್ಲ. ಅವನು ಕಾಲಿಟ್ಟೊಡನೆ ಮೊದಲ ವರ್ತುಲವೇ ಮೊದಲು ಅಳಿಯುತ್ತದೆ. ಸೊಪ್ಪಿನ ಮಡಿಗೆ ಅತ್ಯಂತ ಯೋಗ್ಯವಾದ ನೆಲವೇ ಮನೆ ಕಟ್ಟುವುದಕ್ಕೂ ಅತ್ಯಂತ ಯೋಗ್ಯವಾದುದು. ಈ ಸ್ಪರ್ಧೆಯನ್ನು ಮನಗಂಡು ಅದಕ್ಕೆ ಪರಿಹಾರ ಸೂಚಿಸಿದುದು ಹೊವರ್ಡನ ಹಿರಿಮೆ.

ಇನ್ನು ಬೆಂಗಳೂರು. ಈ ಊರಿಗೆ ಉದ್ಯಾನನಗರವೆಂಬ ಬಿರುದು ಹೊವರ್ಡನ ಗ್ರಂಥದಿಂದ ಬಂದಿತೆಂದು ನಾವು ಹೇಳುವುದಿಲ್ಲ. ಲಾಲ್‌ಬಾಗ್, ಕಬ್ಬನ್ ಪಾರ್ಕ್, 1908ರಲ್ಲಿ ಇಲ್ಲಿಗೆ ಬಂದ ಕ್ರುಂಬೀಗಲ್ ಮಹಾಶಯರು ನೆಡಿಸಿದ ಸಾಲುಮರಗಳು, ಇವೇ ಆ ಬಿರುದಿಗೆ ಆಧಾರ. ಆದರೆ ನೋಡುವ ಉದ್ಯಾನವಿದ್ದಂತೆಯೇ ಉಣ್ಣುವ ತೋಟವೂ ಇಲ್ಲಿ ಇದ್ದಿತು. ಕೆರೆಗಳ ಕೆಳಗೆ ತಿಗಳ ಸಮುದಾಯದವರು ತರಕಾರಿ, ಸೊಪ್ಪು, ಹೂಗಳನ್ನು ಬೆಳೆದು ಪೇಟೆಗೆ ಒದಗಿಸುತ್ತಿದ್ದರು. ಸಂಪಂಗಿ ಕೆರೆಯ ನೆಲದಲ್ಲಿ ಈಗ ಕಂಠೀರವ ಕ್ರೀಡಾಂಗಣವಿದೆ. ಕರಗದ ಆಚರಣೆಗೆಂದು ಉಳಿದಿರುವುದು ಒಂದು ಸಣ್ಣ ಕೊಳ ಮಾತ್ರ. ತೋಟಗಾರನ ದೇವತೆಗೆ ನೀರು ಉಳಿಯಿತು, ಅವನ ತೋಟಕ್ಕೆ ಉಳಿಯಲಿಲ್ಲ. ಉದ್ಯಾನಕ್ಕೆ ಸರ್ಕಾರದ ರಕ್ಷಣೆ ದೊರೆತಂತೆ ತೋಟಕ್ಕೆ ದೊರೆಯಲಿಲ್ಲವೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಗೊಬ್ಬರದ ವಿಚಾರದಲ್ಲಿ ಬೆಂಗಳೂರಿನ ಚರಿತ್ರೆ ಇನ್ನೂ ಬೋಧಪ್ರದವಾಗಿದೆ. ಪಟ್ಟಣದ ಕಸವನ್ನೂ ಮಲವನ್ನೂ ಗುಂಡಿಗಳಲ್ಲಿ ಪದರಪದರವಾಗಿ ಹಾಕಿ, ಮೇಲೆ ಮಣ್ಣು ಮುಚ್ಚಿ, ತಿಂಗಳುಗಟ್ಟಲೆ ಕಳಿಯಬಿಟ್ಟು ಗೊಬ್ಬರ ಮಾಡುವ ವಿಧಾನವನ್ನು 1939ರ ಸುಮಾರಿಗೆ ಇಲ್ಲಿ ಡಾ. ಆಚಾರ್ಯರು ರೂಪಿಸಿದರು. ಕೃಷಿವಿಜ್ಞಾನದ ಪಠ್ಯಗಳಲ್ಲಿ ಅದಕ್ಕೆ 'ಬೆಂಗಳೂರು ಪದ್ಧತಿ' ಎಂದೇ ಹೆಸರು. ಹೀಗೆ ಹೊವರ್ಡನ ಒಂದು ಸೂತ್ರವು ಈ ಊರಿನ ಹೆಸರಿನಲ್ಲೇ ಶಾಸ್ತ್ರವಾಯಿತು. ಆದರೆ ಇಲ್ಲಿ ಹಿಂದಿನದನ್ನು ಹೊಗಳುವ ಉತ್ಸಾಹಕ್ಕೆ ಕಡಿವಾಣ ಬೇಕು. ಮಲವನ್ನು ಗುಂಡಿಯವರೆಗೆ ಹೊತ್ತವರು ಯಾರು? ಜಾತಿಯ ಕಟ್ಟಿನಿಂದ ಆ ಕೆಲಸಕ್ಕೆ ದೂಡಲ್ಪಟ್ಟ ಮನುಷ್ಯರು. 1970ರ ದಶಕದಲ್ಲಿ ಬಸವಲಿಂಗಪ್ಪನವರು ಮಂತ್ರಿಗಳಾಗಿದ್ದಾಗ ತಲೆಯ ಮೇಲೆ ಮಲ ಹೊರುವುದನ್ನು ನಿಷೇಧಿಸಿದುದು ಈ ನಾಡಿನ ಸಾಮಾಜಿಕ ಚರಿತ್ರೆಯಲ್ಲಿ ಹೆಮ್ಮೆಯ ಘಟನೆ. ನಗರದ ಸತ್ವವು ಹೊಲಕ್ಕೆ ಹಿಂದಿರುಗಬೇಕೆನ್ನುವವರು, ಅದು ಯಾರ ಮೈಮೇಲೂ ಹೊರೆಯಾಗದಂತೆ ಹೇಗೆ ಹಿಂದಿರುಗಬೇಕೆಂಬುದನ್ನೂ ಹೇಳಬೇಕು. ಹೊವರ್ಡನ ಗ್ರಂಥದಲ್ಲಿ ಈ ಪ್ರಶ್ನೆಗೆ ಉತ್ತರವನ್ನು ಹುಡುಕುವಂತಿಲ್ಲ.

ನೀರಿನ ಮಾತೂ ಹೀಗೆಯೇ. ಸುಮಾರು ನೂರು ಕಿಲೋಮೀಟರು ದೂರದಿಂದ ಮೇಲೆತ್ತಿ ತಂದ ಕಾವೇರಿಯ ನೀರು ನಗರದಲ್ಲಿ ಬಳಕೆಯಾಗಿ ಕೊಳಚೆಯಾಗಿ ಹೊರಡುತ್ತದೆ. ವೃಷಭಾವತಿಯ ಕೆಳಗೆ ಬೈರಮಂಗಲದ ಕೆರೆಯ ರೈತರು, ಕಾರ್ಖಾನೆಯ ಕಲ್ಮಷವೂ ಬೆರೆತ ಈ ನೀರನ್ನೇ ನಂಬಿ, ಭತ್ತವನ್ನು ಬಿಟ್ಟು ಮೇವಿನ ಹುಲ್ಲು, ಬೇಬಿ ಕಾರ್ನ್ ಮುಂತಾದುವಕ್ಕೆ ತಿರುಗಿದರು. 2018ರಿಂದ ಕೋರಮಂಗಲ–ಚಲ್ಲಘಟ್ಟ ಕಣಿವೆಯ ಸಂಸ್ಕರಿಸಿದ ನೀರನ್ನು ಕೋಲಾರದ ಕೆರೆಗಳಿಗೆ ಹರಿಸಲಾಗುತ್ತಿದೆ. ಬತ್ತಿದ ಕೆರೆಗಳು ತುಂಬಿದುದು ನಿಜ. ಸಂಸ್ಕರಣೆ ಸಾಲದೆಂಬ ಆಕ್ಷೇಪವು ನ್ಯಾಯಾಲಯದವರೆಗೆ ಹೋದುದೂ ನಿಜ. ನಗರ ತಿನ್ನುವ ಟೊಮೆಟೊ ಕೋಲಾರದಿಂದ ಬರುತ್ತದೆ. ನಗರ ಬಳಸಿದ ನೀರು ಕೋಲಾರಕ್ಕೆ ಹೋಗುತ್ತದೆ. ಈ ಕೊಡುಕೊಳೆಯಲ್ಲಿ ನೀರು ಎಷ್ಟರಮಟ್ಟಿಗೆ ಶುದ್ಧವಾಗಿರಬೇಕೆಂಬುದನ್ನು ನಿರ್ಣಯಿಸುವಾಗ ಬೆಳೆಗಾರನ ಮಾತಿಗೂ ಬೆಲೆ ಇರಬೇಡವೆ?

ಇಲ್ಲಿ ಒಂದು ಪ್ರತಿವಾದವನ್ನು ಗಮನಿಸಬೇಕು. ರಾಗಿ, ಅಕ್ಕಿ, ಬೇಳೆಗಳು ದೂರದಿಂದ ಬರುತ್ತಿರುವಾಗ ನಗರದ ಅಂಚಿನಲ್ಲಿ ಬೇಸಾಯವೇಕೆ, ಲಾರಿಯೂ ಶೀತಲಗೃಹವೂ ದೂರವನ್ನು ಗೆದ್ದಿಲ್ಲವೆ ಎನ್ನುವವರುಂಟು. 2011ರ ಜನಗಣತಿಯಲ್ಲೇ 84 ಲಕ್ಷ ಜನರಿದ್ದ ನಗರವು ತನ್ನ ಅನ್ನವನ್ನು ತಾನೇ ಬೆಳೆದುಕೊಳ್ಳಲಾರದೆಂಬುದು ಒಪ್ಪತಕ್ಕ ಮಾತು. ಆದರೆ ಸಮೀಪದ ತೋಟದ ಪ್ರಯೋಜನ ಧಾನ್ಯದ ತೂಕದಿಂದ ಅಳೆಯುವಂಥದಲ್ಲ. ಸೊಪ್ಪು, ಹಾಲು, ಹೂವು ಬೇಗ ಕೆಡುವಂಥವು. ಗೊಬ್ಬರವೂ ಬಳಸಿದ ನೀರೂ ದೂರ ಸಾಗಿಸಿದರೆ ಗಿಟ್ಟದಂಥವು. ಈ ಎರಡು ಬಗೆಯ ವಸ್ತುಗಳು ಸಂಧಿಸುವ ಸ್ಥಾನವೇ ನಗರದ ಅಂಚು.

ಆ ಅಂಚನ್ನು ಉಳಿಸುವ ಬಗೆ ಯಾವುದು? ನಕ್ಷೆಯ ಮೇಲೆ ಹಸಿರು ವಲಯವೆಂದು ಬಣ್ಣ ಬಳಿಯುವುದು ಒಂದು ಮಾರ್ಗ. ಇದು ಕೇವಲ ನಿಷೇಧ. ಪಕ್ಕದವನು ನಿವೇಶನ ಮಾರಿ ಶ್ರೀಮಂತನಾಗುವಾಗ, ನೀನು ಮಾತ್ರ ಊರಿನ ಹಿತಕ್ಕಾಗಿ ಸೊಪ್ಪು ಬೆಳೆಯುತ್ತಿರು ಎಂದು ರೈತನಿಗೆ ಹೇಳಿದಂತೆ. ನಗರದ ಹಿತದ ವೆಚ್ಚವನ್ನು ನಗರದವರಿಗಿಂತ ಬಡವನಾದವನ ಮೇಲೆ ಹೊರಿಸುವ ಈ ನೀತಿ ನ್ಯಾಯವೂ ಅಲ್ಲ, ಬಾಳುವುದೂ ಇಲ್ಲ. ವ್ಯವಸಾಯಗಾರರಲ್ಲದವರು ಕೃಷಿಭೂಮಿಯನ್ನು ಕೊಳ್ಳದಂತೆ ಭೂಸುಧಾರಣಾ ಕಾಯಿದೆಯಲ್ಲಿದ್ದ ನಿರ್ಬಂಧಗಳನ್ನು 2020ರ ತಿದ್ದುಪಡಿ ತೆಗೆದುಹಾಕಿದ ಮೇಲೆ ಅದು ಮತ್ತಷ್ಟು ದುರ್ಬಲವಾಯಿತು. 1959ರಲ್ಲಿ ದ್ರಾಕ್ಷಿ ಬೆಳೆಗಾರರ ಸಹಕಾರ ಸಂಘವಾಗಿ ಹುಟ್ಟಿ ಮುಂದೆ ಹಾಪ್‌ಕಾಮ್ಸ್ ಎನಿಸಿಕೊಂಡ ಸಂಸ್ಥೆ ಹೊವರ್ಡನ ಮಾರುಕಟ್ಟೆಯ ಸೂತ್ರವನ್ನು ಇಲ್ಲಿ ಸಾಧಿಸಿ ತೋರಿಸಿತು. ಆದರೆ ಬೆಳೆಗೆ ಅಂಗಡಿ ದೊರೆತ ಮಾತ್ರಕ್ಕೆ ನೆಲ ಉಳಿಯುವುದಿಲ್ಲ.

ಹೊವರ್ಡನ ದೌರ್ಬಲ್ಯವೂ ಇಲ್ಲೇ ಇದೆ. ಅವನು ನಗರವನ್ನು ಖಾಲಿ ನೆಲದಲ್ಲಿ, ಬೇಸಾಯದ ಬೆಲೆಗೆ ಕೊಂಡು, ಹೊಸದಾಗಿ ಆರಂಭಿಸುತ್ತಾನೆ. 1903ರಲ್ಲಿ ಲೆಚ್‌ವರ್ತ್ ಸುಮಾರು 3,800 ಎಕರೆಯಲ್ಲಿ ಆರಂಭವಾದುದು ಹಾಗೆಯೇ. 1960ರ ಸುಮಾರಿಗೆ ಅದರ ಒಡೆತನ ಲಾಭಕೋರರ ಕೈಸೇರುವಂತಾದಾಗ, 1962ರಲ್ಲಿ ಪಾರ್ಲಿಮೆಂಟಿನ ಕಾಯಿದೆಯೇ ಅದನ್ನು ಕಾಪಾಡಬೇಕಾಯಿತು. ಈಗಾಗಲೇ ಬೆಳೆದು ನಿಂತ, ಸುತ್ತಲಿನ ಪ್ರತಿಯೊಂದು ಗುಂಟೆಗೂ ಬೆಲೆ ಏರಿರುವ ನಗರಕ್ಕೆ ಅವನ ವಿಧಾನ ಹೊಂದುವುದಿಲ್ಲ. ಅವನ ತತ್ತ್ವ ಮಾತ್ರ ಹೊಂದುತ್ತದೆ: ನಗರ ಬೆಳೆದುದರಿಂದ ಏರಿದ ಬೆಲೆಯಲ್ಲಿ ಒಂದು ಪಾಲು, ಬೆಳೆಯದೆ ಉಳಿಯಲೊಪ್ಪಿದ ನೆಲದವನಿಗೆ ಸಲ್ಲಬೇಕು. ನಿವೇಶನದ ಲಾಭದಿಂದ ತೋಟದ ನಷ್ಟವನ್ನು ತುಂಬಿಕೊಡುವ ಏರ್ಪಾಡು ಯಾವ ರೂಪದಲ್ಲಿರಬೇಕೆಂಬುದು ಅರ್ಥಶಾಸ್ತ್ರದ ವಿದ್ಯಾರ್ಥಿಗಳು ಕೈಗೆತ್ತಿಕೊಳ್ಳಲು ಯೋಗ್ಯವಾದ ಸಂಶೋಧನೆಯ ವಿಷಯ. ಆ ಏರ್ಪಾಡು ಇಲ್ಲದಿರುವವರೆಗೆ ಉದ್ಯಾನನಗರವೆಂಬುದು ಬಿರುದಾಗಿ ಉಳಿದೀತು. ಹೊವರ್ಡನು ಹೇಳಿದ ಅರ್ಥದಲ್ಲಿ ನಗರವಾಗಲಾರದು.