ಕಲ್ಲು, ಹುತ್ತ, ಪರದೆ: ತುಮಕೂರು ಸೀಮೆಯ ಪವಾಡಕಥನಗಳಲ್ಲಿ ವಸ್ತು ಮತ್ತು ಕಾಲ

ವಸ್ತುವಿನ ಸ್ವಭಾವವನ್ನು ಬದಲಿಸುವುದು, ಕಾಲದ ನಡೆಯನ್ನು ತಡೆಯುವುದು ಇಲ್ಲವೆ ಹಿಗ್ಗಿಸುವುದು, ಇವೆರಡೂ ಪವಾಡಕಥನದ ಮುಖ್ಯ ಲಕ್ಷಣಗಳು. ಇಂಥ ಕಥನಗಳನ್ನು ಚರಿತ್ರೆಯೆಂದು ನಂಬುವುದು ಒಂದು ದಾರಿ, ಕಟ್ಟುಕಥೆಯೆಂದು ತಳ್ಳಿಹಾಕುವುದು ಇನ್ನೊಂದು. ಕಲ್ಪಿತವಾದ ಪವಾಡವೊಂದು ಯಾವುದನ್ನು ಉಳಿಸಿಕೊಂಡಿದೆ, ಯಾವುದನ್ನು ಮರೆಮಾಡಿದೆ ಎಂದು ಕೇಳುವುದು ಮೂರನೆಯ ದಾರಿ. ತುಮಕೂರು, ಕುಣಿಗಲ್ ಮತ್ತು ಗುಬ್ಬಿ ಪರಿಸರದ ಮೂರು ನಿದರ್ಶನಗಳ ಮೂಲಕ ಈ ಮೂರನೆಯ ದಾರಿಯನ್ನು ಪರಿಶೀಲಿಸುವುದು ಪ್ರಸ್ತುತ ಪ್ರಬಂಧದ ಉದ್ದೇಶ.

ಮೊದಲನೆಯದು ತುಮಕೂರಿಗೆ ಸಮೀಪದ ಕೈದಾಳದ ಜಕಣಾಚಾರಿಯ ಐತಿಹ್ಯ. ಮಡದಿಯನ್ನು ತೊರೆದು ಹೋದ ಶಿಲ್ಪಿ ಬೇಲೂರಿನಲ್ಲಿ ವಿಗ್ರಹವನ್ನು ಕಡೆಯುತ್ತಾನೆ. ಅಪರಿಚಿತ ತರುಣನೊಬ್ಬ ಆ ಶಿಲೆಯಲ್ಲಿ ದೋಷವಿದೆ ಎನ್ನುತ್ತಾನೆ. ಮೂರ್ತಿಗೆ ಲೇಪಿಸಿದ ಗಂಧ ಎಲ್ಲೆಡೆ ಒಣಗಿ ನಾಭಿಯ ಬಳಿ ಮಾತ್ರ ಹಸಿಯಾಗಿ ಉಳಿಯುತ್ತದೆ. ಅಲ್ಲಿ ಉಳಿ ತಾಗಿಸಿದಾಗ ನೀರು, ಮರಳು, ಜೀವಂತ ಕಪ್ಪೆ ಹೊರಬರುತ್ತವೆ. ಆಡಿದ ಮಾತಿನಂತೆ ಶಿಲ್ಪಿ ತನ್ನ ಬಲಗೈಯನ್ನು ಕತ್ತರಿಸಿಕೊಳ್ಳುತ್ತಾನೆ. ತರುಣ ತನ್ನ ಮಗ ಡಂಕಣನೆಂಬುದು ತಿಳಿಯುತ್ತದೆ. ಮುಂದೆ ಹುಟ್ಟೂರಿನಲ್ಲಿ ಚನ್ನಕೇಶವನ ಗುಡಿಯನ್ನು ಕಟ್ಟಿದಾಗ ಕಳೆದ ಕೈ ಮರಳಿ ಬರುತ್ತದೆ, ಊರಿಗೆ ಕೈದಾಳ ಎಂಬ ಹೆಸರಾಗುತ್ತದೆ.

ಈ ಕಪ್ಪೆ ಕೇವಲ ಕವಿಕಲ್ಪನೆಯಲ್ಲ. ಪ್ರತಿಮೆಗಾಗಿ ಕಡಿದ ಮರದಲ್ಲಿ ಕಾಣುವ ವರ್ಣಮಂಡಲಗಳಿಂದ ಒಳಗೆ ಕಪ್ಪೆ ಮೊದಲಾದ ಜೀವಿಗಳಿರುವುದನ್ನು ಊಹಿಸುವ ಕ್ರಮವನ್ನು 6ನೆಯ ಶತಮಾನದ ವರಾಹಮಿಹಿರನ ಬೃಹತ್ಸಂಹಿತೆಯೇ ಹೇಳುತ್ತದೆ. ಮೇಲ್ಮೈಯ ಗುರುತಿನಿಂದ ಒಳಗಿನ ದೋಷವನ್ನು ಅರಿಯಬೇಕೆಂಬ ಕಸುಬಿನ ಎಚ್ಚರವೇ ಇಲ್ಲಿ ಕಥೆಯಾಗಿದೆ. ಗಂಧಲೇಪನವು ಪವಾಡದ ನಡುವೆ ಉಳಿದುಕೊಂಡ ಪರೀಕ್ಷಾಕ್ರಮ. ಹಿರಿಯನ ತಪ್ಪನ್ನು ಕಿರಿಯನು ಎತ್ತಿ ತೋರಿಸಬಹುದು, ಹಿರಿಯನು ಅದಕ್ಕೆ ತಲೆಬಾಗಬೇಕು ಎಂಬ ವೃತ್ತಿಧರ್ಮವನ್ನೂ ಐತಿಹ್ಯ ಕಾಪಾಡಿದೆ. ಇದು ಅದರ ಗಳಿಕೆ.

ನಷ್ಟವಿರುವುದು ಕಾಲದ ವಿಷಯದಲ್ಲಿ. ಬೇಲೂರಿನ ಚನ್ನಕೇಶವನ ಪ್ರತಿಷ್ಠೆ ನಡೆದುದು 1117ರಲ್ಲಿ. ಕೈದಾಳದ ದೇಗುಲ ಹೊಯ್ಸಳ ಒಂದನೆಯ ನರಸಿಂಹನ ಸಾಮಂತ ಬಾಚಿಯ ಕಾಲದ್ದು, ಎಂದರೆ 12ನೆಯ ಶತಮಾನದ ನಡುಭಾಗದ್ದು. ಇವೆರಡನ್ನೂ ಒಂದೇ ಆಯುಷ್ಯದಲ್ಲಿ ಹೇಗೋ ಸೇರಿಸಬಹುದು. ಆದರೆ ಜನಪದರು ಕಲ್ಯಾಣ ಚಾಲುಕ್ಯರ ಗುಡಿಗಳನ್ನೂ 13ನೆಯ ಶತಮಾನದ ಸೋಮನಾಥಪುರವನ್ನೂ ಅದೇ ಶಿಲ್ಪಿಗೆ ಒಪ್ಪಿಸಿದ್ದಾರೆ. ಹಲವು ತಲೆಮಾರುಗಳು ಒಬ್ಬನ ಬಾಳಿನೊಳಗೆ ಕುಗ್ಗಿವೆ. ಬೇಲೂರಿನ ಶಿಲ್ಪಗಳ ಕೆಳಗೆ ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಮೊದಲಾದವರು ತಮ್ಮ ಹೆಸರುಗಳನ್ನು ಕೊರೆದಿದ್ದಾರೆ. ಅಲ್ಲಿಯೂ ತಂದೆ ಮಕ್ಕಳ ಜೋಡಿಯೊಂದು ದುಡಿದಿತ್ತು ಎಂಬುದು ಗಮನಾರ್ಹ. ಆದರೆ ಲೋಕಕ್ಕೆ ಪರಿಚಿತನಾದವನು ಜಕಣಾಚಾರಿ. 1964ರಲ್ಲಿ ಬಿ.ಎಸ್. ರಂಗಾ ಅವರ ವರ್ಣಚಿತ್ರ ತೆರೆಗೆ ತಂದುದೂ ಅವನನ್ನೇ, ರಾಜ್ಯದ ಶಿಲ್ಪಕಲಾ ಪ್ರಶಸ್ತಿ ಹೊತ್ತಿರುವುದೂ ಅವನ ಹೆಸರನ್ನೇ. ಹಾಗೆಂದು ಸಂಶೋಧಕರು ಜನಪದರನ್ನು ನೋಡಿ ನಗಬೇಕಾಗಿಲ್ಲ. ಮಲ್ಲಿತಮ್ಮನೆಂಬ ಹೆಸರನ್ನು 1196ರ ಅಮೃತಾಪುರದಿಂದ ಆರು ದಶಕಗಳಾಚೆಯ ಸೋಮನಾಥಪುರದವರೆಗೆ ಒಬ್ಬನೇ ವ್ಯಕ್ತಿಗೆ ಅನ್ವಯಿಸುವಾಗ ನಾವೂ ಒಂದು ಆಯುಷ್ಯವನ್ನು ಹಿಗ್ಗಿಸುತ್ತಿರಬಹುದು.

ಎರಡನೆಯ ನಿದರ್ಶನ ಕುಣಿಗಲ್ ತಾಲ್ಲೂಕಿನ ಕಗ್ಗೆರೆಯದು. ತೋಂಟದ ಸಿದ್ಧಲಿಂಗ ಯತಿಗಳು ಅಲ್ಲಿಯ ತೋಟದಲ್ಲಿ ಹನ್ನೆರಡು ವರ್ಷ ತಪೋನಿರತರಾಗಿದ್ದರು, ಮೈಮೇಲೆ ಹುತ್ತ ಬೆಳೆಯಿತು, ಹಸುವೊಂದು ಬಂದು ಹಾಲು ಕರೆಯುತ್ತಿತ್ತು ಎಂದು ಪರಂಪರೆ ಹೇಳುತ್ತದೆ. ಇಲ್ಲಿ ಕಾಲವು ಕುಗ್ಗುವುದಿಲ್ಲ, ಮಣ್ಣಾಗಿ ಹೆಪ್ಪುಗಟ್ಟುತ್ತದೆ. ಹುತ್ತದ ಎತ್ತರವೇ ವರ್ಷಗಳ ಅಳತೆ. ವಾಲ್ಮೀಕಿಯ ಕಥೆಯಿಂದ ಪರಿಚಿತವಾದ ಈ ಆಶಯ ಭಕ್ತರಿಗೆ ಯತಿಯ ನಿಶ್ಚಲತೆಯನ್ನು ಕಣ್ಣಿಗೆ ಕಾಣಿಸುತ್ತದೆ. ಆದರೆ ಷಟ್‌ಸ್ಥಲ ಜ್ಞಾನಸಾರಾಮೃತದ 701 ವಚನಗಳನ್ನು ರಚಿಸಿದವರು, ಶಿಷ್ಯರೊಡನೆ ಊರೂರು ಸಂಚರಿಸಿದವರು ನಿಶ್ಚಲರಾಗಿ ಕುಳಿತವರಲ್ಲ. ಎಡೆಯೂರಿನ ಗದ್ದುಗೆಗೆ ಬರುವವರೆಲ್ಲರೂ ಹುತ್ತದ ಕಥೆಯನ್ನು ಬಲ್ಲರು. ಆ ವಚನಗಳನ್ನು ಓದಿದವರು ಅವರಲ್ಲಿ ವಿರಳ.

ಯತಿಗಳ ಗುರುವೆಂದು ಪರಂಪರೆ ಹೇಳುವ ಗೋಸಲ ಚನ್ನಬಸವೇಶ್ವರರ ಕ್ಷೇತ್ರ ಗುಬ್ಬಿ. ಅದೇ ದೇವರ ಹೆಸರಿನಲ್ಲಿ 1884ರಲ್ಲಿ ಅಲ್ಲಿ ನಾಟಕ ಸಂಘವೊಂದು ಹುಟ್ಟಿತು. ಮುಂದೆ ಗುಬ್ಬಿ ವೀರಣ್ಣನವರ ನೇತೃತ್ವದಲ್ಲಿ ಅದು ನಾಡಿನ ದೊಡ್ಡ ಕಂಪನಿಯಾಗಿ ಬೆಳೆಯಿತು. ಕುರುಕ್ಷೇತ್ರ ನಾಟಕಕ್ಕೆ ನಿಜವಾದ ಆನೆ ಕುದುರೆಗಳನ್ನೇ ತಂದ ಈ ಕಂಪನಿಯ ರಂಗದಲ್ಲಿ ಪರದೆ ಏಳುವಷ್ಟರಲ್ಲಿ ಅರಮನೆ ಅಡವಿಯಾಗುತ್ತಿತ್ತು, ಯುಗ ಉರುಳುತ್ತಿತ್ತು. ಮೇಲಿನ ಎರಡು ಕಥನಗಳಿಗೂ ಇದಕ್ಕೂ ಮೂಲಭೂತವಾದ ಭೇದವಿದೆ. ಇಲ್ಲಿ ಪ್ರೇಕ್ಷಕನಿಗೆ ಪರದೆಯ ಹಿಂದೆ ಹಗ್ಗ ಎಳೆಯುವ ಕೈಗಳಿವೆಯೆಂಬುದು ಗೊತ್ತು. ಗೊತ್ತಿದ್ದೂ ಅವನು ಬೆರಗಾಗುತ್ತಾನೆ. ಅರಿವು ಬೆರಗನ್ನು ಕೊಲ್ಲುವುದಿಲ್ಲ ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ಪವಾಡವು ಬಹುಮಟ್ಟಿಗೆ ಮರೆಮಾಡುವುದು ದುಡಿಮೆಯನ್ನು. ಕೈದಾಳದಲ್ಲಿ ಅದು ಶಿಲ್ಪಿಗಳ ಹೆಸರುಗಳನ್ನು, ಕಗ್ಗೆರೆಯಲ್ಲಿ ವಚನಕಾರನ ಬರೆಹವನ್ನು ಮುಚ್ಚಿದೆ. ಐತಿಹ್ಯವನ್ನು ಒಡೆಯದೆಯೇ ಅವನ್ನು ಬೆಳಕಿಗೆ ತರಲು ಸಾಧ್ಯ. ಕಪ್ಪೆಯ ಕಥೆಯನ್ನು ಹೇಳುವಾಗ ದಾಸೋಜ, ಚಾವಣರನ್ನೂ, ಹುತ್ತದ ಕಥೆಯನ್ನು ಹೇಳುವಾಗ ವಚನಗಳನ್ನೂ ಜೊತೆಗಿರಿಸಿದರೆ ಸಾಕು. ಗುಬ್ಬಿಯ ಪ್ರೇಕ್ಷಕನಂತೆ ನಾವೂ ಪರದೆಯ ಮುಂದಿನದನ್ನೂ ಹಿಂದಿನದನ್ನೂ ಒಟ್ಟಿಗೆ ಕಾಣಬಲ್ಲೆವು.