ಸಂಭಾಷಣೆ: ಚಿ. ಉದಯಶಂಕರ್

ಚಿ. ಉದಯಶಂಕರ್ ಎಂದರೆ ನಮಗೆ ಹಾಡು. ಕಲ್ಯಾಣ, ಡೊಂಬಿವಲಿಯ ರಾಜ್ಯೋತ್ಸವದ ಸಂಜೆಗಳು ಅವರ ಹಾಡಿಲ್ಲದೆ ಮುಗಿಯುವುದು ಅಪರೂಪ. ಆದರೆ ಟೈಟಲ್ ಕಾರ್ಡಿನಲ್ಲಿ ಅವರ ಹೆಸರು ಎಷ್ಟೋ ಸಲ ‘ಸಂಭಾಷಣೆ’ಯ ಮುಂದೆಯೂ ಬರುತ್ತಿತ್ತು. ಆ ಕೆಲಸದ ಬಗ್ಗೆ ನಾವು ಮಾತಾಡಿದ್ದು ಕಡಿಮೆ.

ಅವರು ಚಿತ್ರರಂಗಕ್ಕೆ ಬಂದದ್ದು 1963ರ ‘ಸಂತ ತುಕಾರಾಂ’ ಮೂಲಕ. ದೇಹುವಿನ ಈ ಸಂತನನ್ನು ಮರಾಠಿಯಲ್ಲಿ ಪ್ರಭಾತ್ ಕಂಪನಿ 1936ರಲ್ಲೇ ತೆರೆಗೆ ತಂದಿತ್ತು. 1993ರಲ್ಲಿ ತೀರಿಕೊಳ್ಳುವವರೆಗಿನ ಮೂವತ್ತು ವರ್ಷಗಳಲ್ಲಿ ಭಕ್ತಿ, ಇತಿಹಾಸ, ಕಾಡಿನ ಸಾಹಸ, ಸಂಸಾರ, ಕೊಲೆಯ ರಹಸ್ಯ ಎಲ್ಲಕ್ಕೂ ಅವರು ಮಾತು ಬರೆದರು. ‘ಮಯೂರ’ನ ಗತ್ತು, ‘ಗಂಧದ ಗುಡಿ’ಯ ಅರಣ್ಯಾಧಿಕಾರಿಯ ನಿಷ್ಠುರ, ಎರಡೂ ಒಂದೇ ಲೇಖನಿಯವು.

‘ಪ್ರೇಮದ ಕಾಣಿಕೆ’ (1976) ನೋಡಿ. ಕಥೆ ಮುಂಬಯಿಯ ಸಲೀಂ-ಜಾವೇದ್ ಜೋಡಿಯದು. ಕೊಲೆಯೊಂದನ್ನು ಕಣ್ಣಾರೆ ಕಂಡ ಹೆಣ್ಣು ಕೆಲಸಕ್ಕೆ ಸೇರಿದ ಮನೆಯಲ್ಲಿ, ಕೊಲೆ ಮಾಡಿದವನೇ ಯಜಮಾನ. ಅದೇ ಜೋಡಿಯ ‘ದೀವಾರ್’ ಬಂದು ಆಗಿನ್ನೂ ಒಂದೇ ವರ್ಷ. ಅಲ್ಲಿ ಮಾತೆಂದರೆ ಏಟು. ಕನ್ನಡದಲ್ಲಿ ಉದಯಶಂಕರ್ ಆ ದಾರಿ ಹಿಡಿಯಲಿಲ್ಲ. ಅವರ ನಾಯಕ ಸಭ್ಯವಾಗಿ ಮಾತಾಡುತ್ತಾನೆ. ಆ ಸಭ್ಯತೆಯೇ ಅವಳಿಗೂ ನಮಗೂ ದಿಗಿಲು. ಅವರು ಮಾತು ಬರೆದ ‘ಶಂಕರ್ ಗುರು’ (1978) ಎದುರು ದಿಕ್ಕಿನಲ್ಲಿ ಹೋಗಿ, 1983ರಲ್ಲಿ ಅಮಿತಾಭ್ ಬಚ್ಚನ್‌ರ ‘ಮಹಾನ್’ ಆಯಿತು.

‘ಕಸ್ತೂರಿ ನಿವಾಸ’ದಲ್ಲಿ (1971) ಮಾತು ಎಲ್ಲಿ ನಿಲ್ಲಬೇಕೆಂಬುದೂ ಅವರಿಗೆ ಗೊತ್ತಿತ್ತು. ಪಾರಿವಾಳ ಕೇಳಲು ಬಂದವಳ ಮುಂದೆ, ಅವಳ ಊಟಕ್ಕೆಂದು ಅದನ್ನೇ ಕಳೆದುಕೊಂಡವನಿಗೆ ಹೇಳಲು ಏನುಳಿದೀತು?

ತಕರಾರು ಇರುವುದು ‘ಸಂಪತ್ತಿಗೆ ಸವಾಲ್’ (1974) ಬಗ್ಗೆ. ಮೂಲ ನಾಟಕ ಹುನಗುಂದ ಸೀಮೆಯ ಪಿ.ಬಿ. ಧುತ್ತರಗಿಯವರದು, ಉತ್ತರ ಕರ್ನಾಟಕದ ಕಂಪನಿ ನಾಟಕದ ಮಣ್ಣಿನದು. ಸಿನಿಮಾಕ್ಕೆ ಬರುವಾಗ ಆ ಹಳ್ಳಿ ಹಳೇ ಮೈಸೂರಿನ ಕಡೆ ಸರಿಯಿತು. ಭದ್ರನ ಹಟ ಉಳಿಯಿತು, ಅವನ ಜವಾರಿ ಮಾತು ಹೋಯಿತು. ತಪ್ಪು ಉದಯಶಂಕರ್ ಒಬ್ಬರದಲ್ಲ. ಅಂದಿನ ಚಿತ್ರೋದ್ಯಮಕ್ಕೆ ನಾಯಕನ ಕನ್ನಡ ಒಂದೇ ಆಗಿತ್ತು. ‘ಹೌದ್ರಿ’, ‘ಬರ್ರಿ’ ಹೆಚ್ಚಾಗಿ ನಗಿಸುವವರ ಪಾಲಿಗೆ ಬಂದವು.

ಬಾಗಲಕೋಟೆ, ವಿಜಯಪುರ, ಕಲಬುರಗಿಯಿಂದ ಇಲ್ಲಿಗೆ ಬಂದವರಿಗೆ ಇದು ಸಣ್ಣ ಮಾತಲ್ಲ. ಮನೆಯಲ್ಲಿ ಅವ್ವ ಆಡುವ ಕನ್ನಡ ‘ಸರಿಯಾದ’ ಕನ್ನಡವಲ್ಲ ಎಂದು ನಮ್ಮ ಮಕ್ಕಳು ಕಲಿಯುವುದು ಶಾಲೆಯಿಂದಲ್ಲ. ಅವರ ಶಾಲೆಯಲ್ಲಿ ಕನ್ನಡವೇ ಇಲ್ಲ. ಕಲಿಯುವುದು ಇಂಥ ಸಿನಿಮಾಗಳಿಂದ. ಆದರೆ ಬೀದರಿನವನೂ ಮಂಗಳೂರಿನವಳೂ ಲೋಕಲ್ಲಿನಲ್ಲಿ ಎದುರುಬದುರು ಕೂತು ತಡೆಯಿಲ್ಲದೆ ಹರಟುವ ಒಂದು ಕನ್ನಡವನ್ನು ಹರಡಿದವರಲ್ಲಿ ಉದಯಶಂಕರ್ ಮುಖ್ಯರು. ಅವರು ಕೊಟ್ಟದ್ದನ್ನು ಉಳಿಸಿಕೊಂಡೇ, ಬಿಟ್ಟದ್ದನ್ನು ಬರೆಯುವ ಕೆಲಸ ಈಗಿನ ಸಂಭಾಷಣೆಕಾರರದು.